ನನ್ನ ಹೆಸರಿನಲ್ಲಿ ನಿಮ್ಮ ನೋವು

ಸ್ಯಾನ್ ಹೊಸೆ
ಸೋಮವಾರ, ಅಕ್ಟೋಬರ್ 6, 2025

ಅತ್ತಿ ಬಂಗಾರೆವ್ವನವರಿಗೆ ಸೊಸೆ ಉಮಾಶ್ರೀಯ ಶರಣು.

ಮೊದಲು ಯಾರು ಏನು ಹೇಳಿದ್ದರು, ಏನಾಯಿತು ಎಂಬುದನ್ನು ಬರೆದುಬಿಡುತ್ತೇನೆ. ಆಸ್ಪತ್ರೆಯವರು ಹೇಳಿದ್ದರು: ಡಾಕ್ಟರಿಗೆ ಬರೆದದ್ದು ಡಾಕ್ಟರಿಗೆ ಮಾತ್ರ. ಸುಳ್ಳು. ನಿಮ್ಮ ಮಗ ಸಂತೋಷಕುಮಾರ್ ಹೇಳಿದ್ದರು: ಆರು ತಿಂಗಳು ಬೇರೆ ಇರು, ಆರಾಮಾದ ಮೇಲೆ ಬಾ. ಎರಡು ವರ್ಷವಾಯಿತು. ಮಗಳು ಶರಣ್ಯಾಳನ್ನು ಪ್ರತಿ ಶನಿವಾರ ಕಳಿಸುತ್ತೇವೆ ಎಂದಿದ್ದರು. ತಿಂಗಳಿಗೆ ಎರಡು ಶನಿವಾರವಾಗಿದೆ, ಅದೂ ಮೂರು ತಾಸು, ಗಿಲ್‌ರಾಯ್ ಔಟ್‌ಲೆಟ್ ಅಂಗಡಿಗಳ ನಡುವೆ, ಮಂದಿ ಓಡಾಡುವ ಜಾಗದಲ್ಲಿ. ನೀವು ಹೇಳಿದ್ದಿರಿ: "ಸ್ವಲ್ಪ ತಡಿಯವ್ವಾ, ನಾನ ಅವಗ ಎಲ್ಲಾ ಹೇಳ್ತೀನಿ." ಹೇಳಲಿಲ್ಲ. ನಾನು ಕೊಟ್ಟ ಮಾತು ಒಂದೇ, ಯಾರಿಗೂ ಬಾಯಿ ಬಿಡುವುದಿಲ್ಲ ಎಂದು. ಈ ಪಟ್ಟಿಯಲ್ಲಿ ಮುರಿಯದೆ ಉಳಿದಿರುವುದು ಅದೊಂದೇ.

ಅಕ್ಷರ ದೊಡ್ಡದಾಗಿ ಬರೆದಿದ್ದೇನೆ. ಕನ್ನಡಕ ಹಾಕಿಕೊಂಡು ನೀವೇ ಓದಿ.

ಹೋದ ಶನಿವಾರ ಶರಣ್ಯಾ ಒಂದು ಪೋಸ್ಟ್‌ಕಾರ್ಡ್ ತಂದು ಕೊಟ್ಟಳು. "ಅಪ್ಪ ಸೆಡ್ ಇದು ನಿಂದು," ಅಂದಳು. ಆಸ್ಪತ್ರೆಯ ಮೇಲೆ ರೋಗಿಗಳೆಲ್ಲ ಸೇರಿ ಹಾಕಿದ್ದ ಮೊಕದ್ದಮೆ ರಾಜಿಯಾಗಿದೆಯಂತೆ. ರೋಗಿಗಳು ಡಾಕ್ಟರಿಗೆ ಬರೆಯುವ ವೆಬ್‌ಸೈಟಿನೊಳಗೆ ಆಸ್ಪತ್ರೆಯವರು ಯಾರಿಗೂ ಹೇಳದೆ ಒಂದು ಕಳ್ಳ ಕಿಂಡಿ ಇಟ್ಟಿದ್ದರು. ಯಾರು ಯಾವ ಕಾಯಿಲೆಯ ಪುಟ ತೆರೆದರು, ಏನು ಹುಡುಕಿದರು, ಏನು ಬರೆದರು, ಎಲ್ಲವೂ ಆ ಕಿಂಡಿಯಿಂದ ಜಾಹೀರಾತು ಕಂಪನಿಗೆ ಹೋಗುತ್ತಿತ್ತು. ಕಾರ್ಡಿನಲ್ಲಿ ಕೊಟ್ಟಿರುವ ದಿನಾಂಕಗಳ ನಡುವೆ ಅದನ್ನು ಬಳಸಿದವರೆಲ್ಲ ಅರ್ಜಿ ಹಾಕಬಹುದು. ಆಸ್ಪತ್ರೆ ದುಡ್ಡು ಕೊಡುತ್ತದೆ, ತಪ್ಪನ್ನು ಮಾತ್ರ ಒಪ್ಪಿಕೊಳ್ಳುವುದಿಲ್ಲ. ಹಾಗಂತ ಅದೇ ಕಾರ್ಡಿನಲ್ಲಿ ಸಣ್ಣ ಅಕ್ಷರದಲ್ಲಿ ಅಚ್ಚಾಗಿದೆ. ತಪ್ಪು ಮಾಡದವರು ಇಷ್ಟೊಂದು ಜನರಿಗೆ ಯಾಕೆ ದುಡ್ಡು ಹಂಚುತ್ತಾರೆ ಎಂದು ಕೇಳಬೇಡಿ. ನಾಚಿಕೆಯಿಲ್ಲದವರ ಭಾಷೆಯೇ ಹಾಗೆ.

ಇನ್ನು ಮುಂದಿನದು ನಿಮಗೆ ಗೊತ್ತಿರುವುದೇ. ಆದರೂ ಬರೆಯುತ್ತೇನೆ. ಹುಬ್ಬಳ್ಳಿಯಲ್ಲಿ ಪೌರಕಾರ್ಮಿಕ ಹೆಣ್ಣುಮಕ್ಕಳ ಜೊತೆ ಪಾಲಿಕೆಯ ಮುಂದೆ ಧರಣಿ ಕೂತಾಗ ಕಲಿತ ಪಾಠವಿದು: ಬಾಯಲ್ಲಿ ಹೇಳಿದ ಅನ್ಯಾಯ ಯಾರ ಕಿವಿಗೂ ಬೀಳುವುದಿಲ್ಲ, ಕಾಗದಕ್ಕೆ ಇಳಿದದ್ದನ್ನು ಇಲ್ಲವೆನ್ನಬೇಕಾದರೆ ಹರಿದುಹಾಕಬೇಕಾಗುತ್ತದೆ. ನೀವು ಬೇಕಾದರೆ ಹರಿದುಹಾಕಿ. ಓದಿದ ಮೇಲೆ.

ಮಾವ ವಿರುಪಾಕ್ಷಪ್ಪನವರು ತೀರಿಕೊಂಡು ಎರಡು ತಿಂಗಳಿಗೆ ನೀವು ಗದಗಿನಿಂದ ಇಲ್ಲಿಗೆ ಬಂದಿರಿ. ವಿಸಿಟರ್ ವೀಸಾ, ಇನ್ಶೂರೆನ್ಸ್ ಇಲ್ಲ. ನಮ್ಮ ಮಂದಿಯ ಮನೆಗಳಲ್ಲಿ ಇದಕ್ಕೊಂದು ದಾರಿ ಇದ್ದೇ ಇದೆ: ಊರಿಂದ ಬಂದ ಹಿರಿಯರ ಮೊಣಕಾಲು, ಕೆಮ್ಮು, ಬಿಪಿ ಎಲ್ಲವೂ ಮಗಳ ಹೆಸರಿನಲ್ಲೋ ಸೊಸೆಯ ಹೆಸರಿನಲ್ಲೋ ಡಾಕ್ಟರ ಹತ್ತಿರ ಹೋಗುತ್ತವೆ. ನಾನೂ ಅದನ್ನೇ ಮಾಡಿದೆ. ನಿಮ್ಮದು ಮೊಣಕಾಲಾಗಿರಲಿಲ್ಲ, ಅಷ್ಟೇ. ಸಂತೋಷಕುಮಾರ್ ಆಫೀಸಿಗೆ, ಶರಣ್ಯಾ ಸ್ಕೂಲಿಗೆ ಹೋದ ಮೇಲೆ ಅಡಿಗೆಮನೆಯ ಮೇಜಿನ ಮುಂದೆ ನಾವಿಬ್ಬರೂ ಕೂರುತ್ತಿದ್ದೆವು. ನೀವು ಸೀರಿಯಲ್ ನೋಡುವ ಟ್ಯಾಬ್ಲೆಟ್ಟೇ ನಮ್ಮ ದವಾಖಾನೆ. ನೀವು ಹೇಳುತ್ತಿದ್ದಿರಿ, ನಾನು ಇಂಗ್ಲಿಷಿನಲ್ಲಿ ಬರೆಯುತ್ತಿದ್ದೆ. "ಮುಂಜಾನೆ ಎಚ್ಚರಾದರ ಯಾಕರ ಆತೋ ಅನಸ್ತದವಾ. ಇನ್ನ ಸಾಕನಸ್ತದ," ಅಂದಿರಿ ಒಂದು ದಿನ. ನಾನು ಬರೆದೆ: ನನಗೆ ಬದುಕು ಸಾಕೆನಿಸಿದೆ. "ಅವರಿಗೆ" ಎಂದು ಬರೆಯುವಂತಿರಲಿಲ್ಲವಲ್ಲ. ಡಾಕ್ಟರು ನನಗೆಂದು ಕಳಿಸಿದ ಗುಳಿಗೆಯನ್ನು ನೀವು ನುಂಗಿದಿರಿ. ತಪ್ಪು, ಒಪ್ಪುತ್ತೇನೆ. ಆದರೆ ಮೂರನೇ ತಿಂಗಳಿಗೆ ನೀವು ಮತ್ತೆ ತಲೆ ಬಾಚಿ ಹೆರಳು ಹಾಕಿಕೊಂಡು ಅಂಗಳದಲ್ಲಿ ಮೆಂತ್ಯ ಬಿತ್ತಿದಿರಿ. ಅದನ್ನು ನೋಡಿದ ನನಗೆ ಆ ತಪ್ಪಿನ ಬಗ್ಗೆ ಇವತ್ತಿಗೂ ಪಶ್ಚಾತ್ತಾಪವಿಲ್ಲ.

ಆ ಟ್ಯಾಬ್ಲೆಟ್ಟಿಗೆ ಆಮೇಲೆ ಜಾಹೀರಾತು ಬರಲು ಶುರುವಾಯಿತು. ಕಿಟಕಿಯ ಪಕ್ಕ ಕೂತು ಅಳುವ ಹೆಂಗಸು. ಮನಸ್ಸಿನ ಗುಳಿಗೆಗಳು. "ನಿಮಗೆ ಸಾಯಬೇಕೆನಿಸುತ್ತಿದೆಯೇ? ಈ ನಂಬರಿಗೆ ಕರೆ ಮಾಡಿ." ನೀವು ನಕ್ಕಿದ್ದಿರಿ: "ಈಕಿ ಯಾಕವಾ ದಿನಾ ನಮ್ಮನಿಗೆ ಬಂದು ಅಳ್ತಾಳ?" ನಮಗೇನು ಗೊತ್ತಿತ್ತು, ಅವಳನ್ನು ಆಸ್ಪತ್ರೆಯೇ ಕಳಿಸಿದೆ ಎಂದು.

ಶರಣ್ಯಾಳ ಈಜು ಕ್ಲಾಸಿನ ಟೈಮು ನೋಡಲು ನಿಮ್ಮ ಮಗ ಆ ಟ್ಯಾಬ್ಲೆಟ್ಟನ್ನು ಕೈಗೆತ್ತಿಕೊಂಡ ರವಿವಾರ ನಿಮಗೆ ನೆನಪಿದೆ. ಆ ಜಾಹೀರಾತುಗಳು ಒಂದಾದ ಮೇಲೊಂದು ಬಂದವು. ಅವರು ನೋಡಿದರು, ಕೆಳಗೆ ತೆರೆದೇ ಇದ್ದ ಆಸ್ಪತ್ರೆಯ ಪುಟವನ್ನೂ ನೋಡಿದರು. "ಯಾರದಿದು?" ಅಂದರು. ನೀವು ಒಲೆಯ ಮುಂದೆ ರೊಟ್ಟಿ ಬಡಿಯುತ್ತಿದ್ದಿರಿ. ಕೈ ಒಂದು ಸಲ ನಿಂತಿತು, ನಾನು ನೋಡಿದೆ. ನಿಂತು, ಮತ್ತೆ ಬಡಿಯತೊಡಗಿತು. "ನಂದು," ಅಂದೆ.

ನಿಮ್ಮ ಮಗ ಕೆಟ್ಟವರಲ್ಲ. ಹೆದರಿದರು. "ದಿನಾ ಮಗಳನ್ನ ಕಾರಿನ್ಯಾಗ ಕೂಡ್ಸಿಕೊಂಡು ಫ್ರೀವೇ ಮ್ಯಾಲೆ ಹೋಗ್ತಿ. ನನಗ ಒಂದ ಮಾತು ಹೇಳಬೇಕನಿಸಲಿಲ್ಲಾ? ನಿನ್ನ ಹೆಂಗ ನಂಬಲಿ?" ಅಂದರು. ಒಂದು ವಾಕ್ಯ ಸಾಕಿತ್ತು. ಆ ಒಂದು ವಾಕ್ಯ ನಿಮ್ಮ ಬಾಯಲ್ಲಿತ್ತು. ಹಿಂದಿನ ದಿನವಷ್ಟೇ ನನ್ನ ಕೈ ಹಿಡಿದು ಹೇಳಿದ್ದಿರಿ, "ಹುಚ್ಚಿ ಅಂತ ಗೊತ್ತಾದರ ನನ್ನ ಊರಿಗೆ ಕಳಸ್ತಾನ. ಅಲ್ಲೆ ಯಾರದಾರ ನನಗ?"

ನಾನು ಬೀದಿಯಲ್ಲಿ ಲಾಠಿ ಕಂಡವಳು. ಪಾಲಿಕೆ ಕಮಿಷನರ್ ಮುಂದೆ ಕೂಗಿ ಗಂಟಲು ಹರಿದುಕೊಂಡವಳು. ಸ್ವಂತ ಅಡಿಗೆಮನೆಯಲ್ಲಿ ಬಾಯಿ ಮುಚ್ಚಿಕೊಂಡು ನಿಂತೆ. ಮೌನವನ್ನು ತ್ಯಾಗ ಎಂದು ಕರೆದುಕೊಂಡೆ. ಈಗ ಹಾಗೆ ಕರೆಯಲಾರೆ. ಅದೂ ಸುಳ್ಳಿನ ಇನ್ನೊಂದು ರೂಪ, ಅಷ್ಟೇ.

ಈಗ ಲಾಸ್ ಆಲ್ಟೋಸಿನಲ್ಲಿ ಹಲ್ಲಿನ ಡಾಕ್ಟರೊಬ್ಬರ ಕ್ಲಿನಿಕ್ಕಿನ ಮುಂದಿನ ಕೌಂಟರಿನಲ್ಲಿ ಕೂರುತ್ತೇನೆ. ಬಂದವರಿಗೆಲ್ಲ ಒಂದು ಕಾಗದ ಮುಂದಿಟ್ಟು, "ನಿಮ್ಮ ಮಾಹಿತಿ ಗೌಪ್ಯವಾಗಿರುತ್ತದೆ, ಇಲ್ಲಿ ಸಹಿ ಮಾಡಿ" ಎನ್ನುತ್ತೇನೆ. ದಿನಕ್ಕೆ ಮೂವತ್ತು ಸಲ. ಸಂಜೆ ರೂಮಿಗೆ ಬರುತ್ತೇನೆ. ಮಾತು ಎಂದರೆ ಆ ಮೂವತ್ತು ಸಲ ಹೇಳಿದ್ದೇ. ಗೋಡೆಯಾಚೆಯವಳು ಮೈಸೂರಿನ ಹುಡುಗಿ, ನಿಸರ್ಗಾ. ಒಳ್ಳೆಯವಳು. ಬಾಗಿಲ ಹತ್ತಿರ ಸಿಕ್ಕರೆ "ಆಂಟಿ, ಊಟ ಆಯ್ತಾ?" ಎನ್ನುತ್ತಾಳೆ. ಉತ್ತರ ಹೇಳುವಷ್ಟರಲ್ಲಿ ಇಯರ್‌ಫೋನ್ ಕಿವಿಗೇರಿರುತ್ತದೆ. ಆದರೂ ಹೇಳುತ್ತೇನೆ, ಏನು ಊಟ ಎಂದೂ ಹೇಳುತ್ತೇನೆ.

ಅರ್ಜಿಯ ವಿಷಯ ಕೇಳಲು ಕಾರ್ಡಿನಲ್ಲಿದ್ದ ನಂಬರಿಗೆ ಫೋನ್ ಮಾಡಿದ್ದೆ. "ಇನ್ನೊಬ್ಬರ ನೋವನ್ನು ನನ್ನ ಹೆಸರಿನಲ್ಲಿ ಬರೆದಿದ್ದರೆ?" ಎಂದೆ. ಫೋನೆತ್ತಿದ್ದ ಹುಡುಗಿ, "ಮ್ಯಾಮ್, ಅಕೌಂಟು ನಿಮ್ಮದಲ್ಲವಾ? ಬಾಕ್ಸಿಗೆ ಟಿಕ್ ಹಾಕಿ," ಅಂದಳು. "ಆ ಇನ್ನೊಬ್ಬರು ಅರ್ಜಿ ಹಾಕಬಹುದಾ?" ಎಂದೆ. "ಅವರಿಗೆ ಅಕೌಂಟ್ ಇತ್ತಾ?" "ಇಲ್ಲ." "ಹಾಗಾದರೆ ನಮ್ಮ ಸಿಸ್ಟಮ್ಮಿನಲ್ಲಿ ಅವರು ಇಲ್ಲ ಮ್ಯಾಮ್." ಕೇಳಿದಿರಾ? ನಿಮ್ಮ ದುಃಖವನ್ನು ಕದ್ದು ಮಾರಿದರು, ಅದರಿಂದ ನನ್ನ ಮನೆ ಒಡೆಯಿತು, ಆದರೆ ನೀವು ಇಲ್ಲವೇ ಇಲ್ಲ. ಫೋನಿಟ್ಟು ರೂಮಿನಲ್ಲಿ ಒಬ್ಬಳೇ ಜೋರಾಗಿ ಬೈದೆ. ಇಷ್ಟು ದಿನದ ಮೇಲೆ ನನ್ನ ದನಿ ನನಗೇ ಕೇಳಿಸಿತು.

ಅರ್ಜಿಯ ಕೊನೆಯಲ್ಲಿ ಪ್ರಮಾಣ ಮಾಡಬೇಕು, ಬರೆದದ್ದು ನನ್ನದೇ ಆರೋಗ್ಯದ ಮಾಹಿತಿ ಎಂದು. ಅಡಿಗೆಮನೆಯಲ್ಲಿ ಒಮ್ಮೆ "ನಂದು" ಅಂದದ್ದು ಸಾಕು. ಕಾಗದದ ಮೇಲೆ ಇನ್ನೊಮ್ಮೆ ಅನ್ನಲಾರೆ. ಅದಕ್ಕೆ ಸಹಿ ಮಾಡದೆ ಇಟ್ಟಿದ್ದೇನೆ.

ದುಡ್ಡಿಗಾಗಿ ಅಲ್ಲ ಅತ್ತಿ, ಇಷ್ಟೆಲ್ಲ ಬರೆದದ್ದು. ಅವತ್ತು ಕಾರ್ಡು ಕೊಟ್ಟ ಮೇಲೆ ಶರಣ್ಯಾ ತಟ್ಟೆಯಲ್ಲಿದ್ದ ಫ್ರೈಸ್ ಒಂದೊಂದೇ ಸರಿಸುತ್ತ ಕೇಳಿದಳು, "ಅಮ್ಮಾ, ಆರ್ ಯೂ ಓಕೆ? ಲೈಕ್, ರಿಯಲಿ ಓಕೆ?" ಹದಿಮೂರು ವರ್ಷದ ಮಗು. ನನ್ನ ಮುಖವನ್ನಲ್ಲ, ನನ್ನ ಕೈಗಳನ್ನು ನೋಡುತ್ತಿದ್ದಳು, ಅವು ನಡುಗುತ್ತಿವೆಯೇ ಎಂದು. ನನ್ನ ಮಗಳು ನನ್ನನ್ನು ಕಾಯುವವಳಾಗಿಬಿಟ್ಟಿದ್ದಾಳೆ. ಇದು ನನಗೆ ಬೇಡ. ನಾನು ಕೊಟ್ಟ ಮಾತನ್ನು ನನಗೆ ವಾಪಸ್ಸು ಕೊಡಿ. ನಿಮಗೀಗ ಗ್ರೀನ್ ಕಾರ್ಡ್ ಇದೆ, ಯಾರೂ ನಿಮ್ಮನ್ನು ಕಳಿಸುವುದಿಲ್ಲ. ಗಂಡನನ್ನು ಕಳೆದುಕೊಂಡು ಅತ್ತವಳು ಹುಚ್ಚಿಯಲ್ಲ. ಹಾಗಂದವರ ಬಾಯಿ ಮುಚ್ಚಿಸಲು ನಾನೊಬ್ಬಳು ಬದುಕಿದ್ದೇನೆ. ಆದರೆ ಮೊದಲ ಮಾತು ನಿಮ್ಮದಾಗಬೇಕು. ಆಸ್ಪತ್ರೆ ತಪ್ಪು ಒಪ್ಪಿಕೊಳ್ಳಲಿಲ್ಲ ಎಂದು ಬೈಯುತ್ತೇನೆ. ನಿಮ್ಮನ್ನು ಬೈಯುವ ಹಾಗೆ ಮಾಡಬೇಡಿ.

ಮೆಂತ್ಯ ಈ ವರ್ಷವೂ ಬಿತ್ತಿದ್ದೀರಾ?

ಯಾರು ಏನೆಂದರೂ ನಿಮ್ಮ ಸೊಸೆ,
ಉಮಾಶ್ರೀ

ತಾ.ಕ.: ಮೇಲಿನದು ಮಧ್ಯಾಹ್ನ ಬರೆದದ್ದು. ಅದರಲ್ಲೊಂದು ಸುಳ್ಳಿದೆ. ಆ ವೆಬ್‌ಸೈಟಿನಲ್ಲಿ ನಾನು ಬರೆದದ್ದೆಲ್ಲ ನಿಮ್ಮ ನೋವಲ್ಲ. ಈ ರೂಮಿಗೆ ಬಂದ ಮೂರನೇ ವಾರ ಒಂದು ಸಲ ನನಗಾಗಿಯೇ ಬರೆದೆ. ಪಕ್ಕದಲ್ಲಿ ಹೇಳಿಕೊಡುವವರು ಯಾರೂ ಇರಲಿಲ್ಲ, ಆದರೂ ತಡವರಿಸಲಿಲ್ಲ. ಅರ್ಧ ಗಂಟೆಯಲ್ಲಿ ನರ್ಸೊಬ್ಬಳು ಫೋನ್ ಮಾಡಿದಳು, ನಾನು ಅಳು ನಿಲ್ಲಿಸುವವರೆಗೂ ಫೋನ್ ಇಡಲಿಲ್ಲ. ಈಗಲೂ ತಿಂಗಳಿಗೊಮ್ಮೆ ಡಾಕ್ಟರನ್ನು ನೋಡುತ್ತೇನೆ, ಆರಾಮಿದ್ದೇನೆ. ಅದೂ ಆ ಕಿಂಡಿಯಿಂದ ಹೋಗಿದೆ, ದಿನಾಂಕ ನೋಡಿದೆ. ಹಾಗಾಗಿ ಪ್ರಮಾಣಕ್ಕೆ ಸಹಿ ಮಾಡಲು ನನಗೆ ಹಕ್ಕಿದೆ. ಈಗಷ್ಟೇ ಮಾಡಿ ಕಳಿಸಿದೆ. ಇದನ್ನೂ ಸಂತೋಷಕುಮಾರ್‌ಗೆ ಹೇಳಬೇಕು, ನನ್ನ ಬಾಯಿಂದಲೇ. ಬರುತ್ತೇನೆಂದು ಅವರಿಗೆ ಮೆಸೇಜು ಹಾಕಿದ್ದೇನೆ, ಮನೆಯಲ್ಲಿರುತ್ತಾರಂತೆ. ನೀವೆಲ್ಲ ಇರುವ ಗಿಲ್‌ರಾಯ್ ಮನೆ, ರವಿವಾರ ಅಕ್ಟೋಬರ್ 12, ಬೆಳಿಗ್ಗೆ ಹನ್ನೊಂದು ಗಂಟೆ.