ನೂರೆಂಟು ಕಂತು

ಶೆಟ್ಟಿಕೆರೆ
೧೬-೧೧-೨೦೨೫, ಭಾನುವಾರ

ನನ್ನ ಮೊಮ್ಮಗಳು ಮೋನಿಕಾಳಿಗೆ ಅಜ್ಜಿ ಹನುಮಕ್ಕ ತಲೆ ಸವರಿ ಮಾಡುವ ಆಶೀರ್ವಾದ.

ಇಲ್ಲಿ ನಾವು ಮೂವರೂ ಉಂಡುಕೊಂಡು ತಿಂದುಕೊಂಡು ಇದ್ದೇವೆ. ಹಾಸನದಲ್ಲಿ ನೀನೂ ಹೊತ್ತಿಗೆ ಸರಿಯಾಗಿ ಉಣ್ಣುತ್ತೀಯ ಎಂದುಕೊಂಡಿದ್ದೇನೆ. ಊರಿನ ರೋಗಿಗಳಿಗೆಲ್ಲ ಹೊತ್ತಿಗೆ ಮಾತ್ರೆ ಕೊಡುವ ನರ್ಸಮ್ಮ ತಾನು ಮಾತ್ರ ಬನ್ನು ತಿಂದು ಮಲಗುತ್ತಾಳೆ ಎಂದು ನಿನ್ನವ್ವ ಹೇಳಿದಳು. ಹಾಗೆ ಮಾಡಬೇಡ.

ದೀಪಾವಳಿಗೆ ರಜೆ ಸಿಗದೆ ನೀನು ಬರಲಿಲ್ಲ. ಮಾರನೆಯ ದಿನವೇ ಕಾಗದ ಬರೆಯುತ್ತೇನೆ ಎಂದು ನಿನಗೆ ಹೇಳಿದ್ದೆ. ಇಪ್ಪತ್ತೈದು ದಿನವಾಯಿತು. ಕಣ್ಣು ಮಂಜು ಎಂದು ನೆಪ ಹೇಳಬಹುದಿತ್ತು, ಕಣ್ಣು ಚೆನ್ನಾಗಿಯೇ ಇದೆ. ಕೈ ಏಳಲಿಲ್ಲ. ಫೋನಿನಲ್ಲಿ ಹೇಳೋಣವೆಂದರೆ ನಿನ್ನಪ್ಪ ಬೀದಿಗೆಲ್ಲ ಕೇಳುವ ಹಾಗೆ ಸ್ಪೀಕರು ಹಾಕಿ ಕೈಗೆ ಕೊಡುತ್ತಾನೆ. ನನ್ನದು ನಾಲ್ಕನೇ ಕ್ಲಾಸಿನ ಅಕ್ಷರ, ತಪ್ಪಿದ್ದ ಕಡೆ ನೀನೇ ತಿದ್ದಿಕೊಂಡು ಓದು.

ಸೀಮೆಹಸು ಹೆಣ್ಣುಕರು ಹಾಕಿದೆ. ಹಣೆಯ ಮೇಲೆ ಬಿಳಿ ಮಚ್ಚೆ. ನಿನ್ನವ್ವ ಧನಲಕ್ಷ್ಮಿ ಆ ಕರುವಿನ ಹತ್ತಿರ ಮಾತಾಡುವಷ್ಟು ನನ್ನ ಹತ್ತಿರ ಮಾತಾಡುವುದಿಲ್ಲ. ಇರಲಿ, ಕರುವೇನು ತಿರುಗಿ ಮಾತಾಡುವುದಿಲ್ಲವಲ್ಲ.

ಈಗ ವಿಷಯಕ್ಕೆ ಬರುತ್ತೇನೆ. ನಮ್ಮ ಮನೆಯ ಸಾಲ ತೀರಿಲ್ಲ. ತೀರುವ ಹತ್ತಿರಕ್ಕೂ ಬಂದಿಲ್ಲ. ಮೂರು ವರ್ಷದಿಂದ ನೀನು ತಿಂಗಳಿಗೆ ಎಂಟು ಸಾವಿರ ಕಂತಿಗೆಂದು ಕಳಿಸುತ್ತಾ ಬಂದಿದ್ದೀಯ. ಈ ದೀಪಾವಳಿಗೆ ಸಾಲ ಮುಗಿಯುತ್ತದೆ, ಆಮೇಲೆ ನಿನ್ನ ಸಂಬಳ ನಿನ್ನದು, ಮೈಸೂರಿಗೆ ಹೋಗಿ ಆ ದೊಡ್ಡ ನರ್ಸಿನ ಓದು ಓದಿಕೋ ಎಂದು ನಾನು ಮಾತು ಕೊಟ್ಟಿದ್ದೆ. ನಿನ್ನಪ್ಪ ಕೊಟ್ಟ ಮಾತಲ್ಲ ಅದು, ನಾನು ಕೊಟ್ಟದ್ದು. ನನ್ನ ಲೆಕ್ಕದ ಮೇಲೆ ಕೊಟ್ಟದ್ದು. ಆ ಲೆಕ್ಕವೇ ತಪ್ಪಾಗಿತ್ತು.

ಹೇಗೆ ತಪ್ಪಿತು ಎಂದು ಹೇಳುತ್ತೇನೆ, ಕೇಳು. ತಿಪಟೂರಿನ ಮಂಡಿಯ ರಹಮತುಲ್ಲಾ ಸಾಹೇಬರನ್ನು ನೀನು ಬಲ್ಲೆ. ನಿಮ್ಮ ತಾತನ ಕಾಲದಿಂದ ನಮ್ಮ ಕೊಬ್ಬರಿ ಅವರ ಮಂಡಿಗೇ ಹೋಗುವುದು. ಕಾಯಿ ಅಟ್ಟಕ್ಕೆ ಹಾಕಿ ಹನ್ನೊಂದು ತಿಂಗಳು ಮುಟ್ಟದೆ ಬಿಡುತ್ತೇವಲ್ಲ, ಒಳಗೇ ಒಣಗಿ ಉಂಡೆ ಕೊಬ್ಬರಿಯಾಗುವವರೆಗೆ, ಆ ನಡುವೆ ಕೈಸಾಲ ಬೇಕಾದರೆ ಸಾಹೇಬರೇ ಕೊಡುತ್ತಾರೆ. ಅವರ ಮಂಡಿಯ ಪದ್ಧತಿ ಏನೆಂದರೆ, ನಾವು ಕೊಟ್ಟದ್ದೆಲ್ಲ ಮೊದಲು ಅಸಲಿಗೆ ಜಮಾ. ಅಸಲು ಮುಗಿದ ಮೇಲೆ ಬಡ್ಡಿ. ಅದನ್ನೂ ಎದುರಿಗೆ ಕೂತು, ಟೀ ಕುಡಿದು, ಅಷ್ಟು ಬಿಡಿ ಇಷ್ಟು ಬಿಡಿ ಎಂದು ಮಾತಾಡಿ ಚುಕ್ತಾ ಮಾಡುವುದು. ಐವತ್ತು ವರ್ಷ ಹೀಗೇ ನಡೆದಿದೆ. ಸಾಲವೆಂದರೆ ಲೋಕದಲ್ಲೆಲ್ಲ ಹೀಗೇ ಎಂದು ನಾನು ತಿಳಿದುಕೊಂಡಿದ್ದೆ.

ಮನೆಗೆ ಬ್ಯಾಂಕು ಕೊಟ್ಟದ್ದು ಹದಿನಾಲ್ಕು ಲಕ್ಷ. ತಿಂಗಳ ಕಂತು ಹದಿಮೂರು ಸಾವಿರದ ಐವತ್ತು. ಕಂತು ಕಟ್ಟಿದ ಪ್ರತಿ ತಿಂಗಳೂ ಅಟ್ಟದ ಗೋಡೆಗೆ ಒಂದು ಸುಣ್ಣದ ಬೊಟ್ಟು ಇಡುತ್ತಾ ಬಂದೆ. ಹೋದ ತಿಂಗಳಿಗೆ ನೂರೆಂಟು ಬೊಟ್ಟಾಯಿತು. ಒಂಬತ್ತು ವರ್ಷ. ಎದುರು ಮನೆಯ ಹುಡುಗಿಯ ಕೈಲಿ ಗುಣಿಸಿ ನೋಡಿಸಿದೆ, ಹದಿನಾಲ್ಕು ಲಕ್ಷದ ಒಂಬತ್ತು ಸಾವಿರದ ನಾಲ್ಕು ನೂರು. ಅಸಲು ಮುಗಿದು ಮೇಲೆ ಒಂಬತ್ತು ಸಾವಿರ ಹೆಚ್ಚಿಗೆ ಹೋಗಿದೆ ಎಂದು ನನಗೆ ಖುಷಿಯಾಯಿತು. ಬಡ್ಡಿಗೆಂದು ಈ ಸಲದ ಕೊಬ್ಬರಿಯ ದುಡ್ಡು ಎರಡು ಲಕ್ಷದ ನಲವತ್ತು ಸಾವಿರ ಖಾತೆಯಲ್ಲಿತ್ತು. ಹಬ್ಬದ ಮಾರನೆಯ ದಿನವೇ ನಿನ್ನಪ್ಪನ ಗೂಡ್ಸ್ ಗಾಡಿಯಲ್ಲಿ ಹತ್ತಿ ತಿಪಟೂರಿಗೆ ಹೋದೆ. ಅವನು ಮೂಟೆ ಇಳಿಸಲು ಮಾರ್ಕೆಟ್ಟಿಗೆ ಹೋದ, ನಾನು ಬ್ಯಾಂಕಿಗೆ ಹೋದೆ. ಕೈಯಲ್ಲಿ ಎರಡು ತೆಂಗಿನಕಾಯಿ, ಒಂದು ಚಿಪ್ಪು ಬಾಳೆಹಣ್ಣು. ಲೆಕ್ಕ ಮುಗಿಸುವಾಗ ಬರಿಗೈಯಲ್ಲಿ ಹೋಗಬಾರದಲ್ಲ.

ಸಾಲದ ಮೇಜಿನಲ್ಲಿ ಹಾಲಸ್ವಾಮಿ ಅಂತ ಒಬ್ಬ ಹುಡುಗ. ಕಾಯಿ ನೋಡಿ, "ಏನಜ್ಜಿ ಇದು, ಯಾವ ಪೂಜೆ?" ಅಂದ.

"ಚುಕ್ತಾ ಮಾಡಕ್ಕೆ ಬಂದಿದೀನಿ ಕಣಪ್ಪ. ಅಸಲು ತೀರ್ತು. ಬಡ್ಡಿ ಎಷ್ಟಾಯ್ತು ಹೇಳು, ಕೂತು ಮಾತಾಡಾನ."

ಅವನು ನಂಬರು ಒತ್ತಿ ನೋಡಿದ. ಆಮೇಲೆ ನನ್ನ ಮುಖ ನೋಡಿದ. "ಅಜ್ಜಿ, ಅಸಲು ಇನ್ನೂ ಹನ್ನೊಂದು ಲಕ್ಷದ ಹದಿನಾರೂವರೆ ಸಾವಿರ ಐತೆ."

"ಇನ್ಯಾರ್ದೋ ನೋಡ್ತಿದ್ದೀಯ. ನಮ್ದು ಶೆಟ್ಟಿಕೆರೆ ರಂಗನಾಥಂದು, ನನ್ನ ಮಗಂದು."

"ಅದೇ ಅಜ್ಜಿ. ಶೆಟ್ಟಿಕೆರೆ ರಂಗನಾಥ. ಹದಿನಾಕು ಲಕ್ಷ."

"ಹದಿನಾಕು ಲಕ್ಷ ಕಟ್ಟಾಯ್ತಲ್ಲಪ್ಪ."

"ಕಟ್ಟಿದ್ದೀರಿ. ಅದ್ರಲ್ಲಿ ಹನ್ನೊಂದೂಕಾಲು ಲಕ್ಷ ಬಡ್ಡಿಗೇ ಹೋಗೈತೆ. ಅಸಲಿಗೆ ಹೋಗಿರೋದು ಮೂರು ಲಕ್ಷಾನೂ ಇಲ್ಲ."

ಕಾಲಿನ ಕೆಳಗೆ ನೆಲ ಇದೆಯೋ ಇಲ್ಲವೋ ಎಂದು ಚಪ್ಪಲಿ ಉಜ್ಜಿ ನೋಡಿದೆ. ಅವನು ಪಾಪ ನೀರು ತರಿಸಿಕೊಟ್ಟ. ಒಂದು ಉದ್ದನೆಯ ಕಾಗದ ತೆಗೆದು ಮೊದಲನೇ ಸಾಲು ತೋರಿಸಿದ. ಮೊಟ್ಟಮೊದಲ ತಿಂಗಳು ನಾವು ಕಟ್ಟಿದ ಹದಿಮೂರು ಸಾವಿರದ ಐವತ್ತರಲ್ಲಿ ಬಡ್ಡಿಗೆ ಹೋದದ್ದು ಹನ್ನೊಂದು ಸಾವಿರದ ಎಂಬತ್ತಮೂರು. ಅಸಲಿಗೆ ಸಾವಿರದ ಒಂಬೈನೂರ ಅರವತ್ತೇಳು. ಹದಿಮೂರು ಕಾಯಿ ಅಟ್ಟಕ್ಕೆ ಹಾಕಿದರೆ ಹನ್ನೊಂದನ್ನು ಅಳಿಲು ಹೊತ್ತುಕೊಂಡು ಹೋಗಿದೆ. ನಾನು ಕೆಳಗೆ ನಿಂತು ಹದಿಮೂರಕ್ಕೂ ಸೇರಿಸಿ ಬೊಟ್ಟು ಇಟ್ಟಿದ್ದೇನೆ.

ಆದರೂ ಸುಮ್ಮನೆ ಬರಲಿಲ್ಲ. "ಮಂಡಿ ಸಾಹೇಬ್ರು ಬಡ್ಡೀಲಿ ಅಷ್ಟೋ ಇಷ್ಟೋ ಬುಡ್ತಾರೆ. ನೀವೂ ಬುಡ್ರಪ್ಪ" ಎಂದು ಕೇಳಿದೆ.

"ಈ ಕಂಪ್ಯೂಟರಿಗೆ ಬಿಡೋದು ಗೊತ್ತಿಲ್ಲ ಅಜ್ಜಿ."

"ತಗಳದು ಮಾತ್ರ ಚೆನ್ನಾಗಿ ಕಲಿಸಿದ್ದೀರ ಅದಕ್ಕೆ" ಅಂದೆ. ಸುತ್ತ ನಿಂತವರು ನಕ್ಕರು. ನನಗೆ ನಗು ಬರಲಿಲ್ಲ.

ಇನ್ನೂ ಎಷ್ಟು ವರ್ಷ ಎಂದು ಕೇಳಿದೆ. ಹದಿನೈದು ಅಂದ. ಇಪ್ಪತ್ತು ವರ್ಷದ ಸಾಲದಲ್ಲಿ ಒಂಬತ್ತು ಕಳೆದರೆ ಹನ್ನೊಂದು ತಾನೇ ಉಳಿಯಬೇಕು, ನಾನು ಓದಿದ ಸ್ಕೂಲಿನಲ್ಲಂತೂ ಹಾಗೇ ಹೇಳಿಕೊಟ್ಟಿದ್ದರು. ಎರಡು ವರ್ಷದ ಕೆಳಗೆ ಬಡ್ಡಿಯ ದರ ಒಂಬತ್ತೂವರೆಯಿಂದ ಹನ್ನೊಂದೂವರೆಗೆ ಏರಿತಂತೆ. ಕಂತು ಏರಿಸಲಿಲ್ಲ, ವರ್ಷ ಏರಿಸಿದರಂತೆ. ನಾಲ್ಕು ವರ್ಷ ನಮ್ಮ ತಲೆಯ ಮೇಲೆ ಬಿತ್ತು, ನಮಗೆ ಭಾರವೇ ಗೊತ್ತಾಗಲಿಲ್ಲ. ಎಲ್ಲ ಕೂಡಿದರೆ ಹದಿನಾಲ್ಕು ಲಕ್ಷಕ್ಕೆ ನಾವು ಕಟ್ಟುವುದು ಮೂವತ್ತೇಳೂವರೆ ಲಕ್ಷ. ಸಾಲ ಮುಗಿಯುವ ದಿನ ನನಗೆ ಎಂಬತ್ತೊಂಬತ್ತು. ನನ್ನದು ಬಿಡು, ನಿನಗೆ ನಲವತ್ತೊಂದು ಎಂದು ಅಲ್ಲೇ ಕುರ್ಚಿಯಲ್ಲಿ ಕೂತು ಎಣಿಸಿದೆ. ತಪ್ಪಾಗಿರಬಹುದೆಂದು ಬೆರಳು ಮಡಿಚಿ ಎರಡನೇ ಸಲ ಎಣಿಸಿದೆ.

ಅಲ್ಲಿಂದ ನೇರ ಸಾಹೇಬರ ಮಂಡಿಗೆ ಹೋದೆ. ಅವರಿಗೂ ಎರಡು ಮಾತು ಅಂದೆ, ನಿಮ್ಮ ಪದ್ಧತಿ ನಂಬಿ ಕೆಟ್ಟೆ ಎಂದು. ಅವರು ಕನ್ನಡಕ ತೆಗೆದಿಟ್ಟರು.

"ಹನುಮಕ್ಕ, ನಂದು ಮುಖ ನೋಡಿ ಕೊಡೋ ಸಾಲ. ವರ್ಷಕ್ಕೊಂದ್ಸಲ ಬಡ್ಡಿ ಕೇಳ್ತೀನಿ. ಅವರು ತಿಂಗಳು ತಿಂಗಳು ನಿಂತಿರೋ ಅಸಲಿನ ಮೇಲೆ ಹಾಕ್ತಾರೆ. ಅಸಲು ಇಳಿಸಿದ್ರೆ ಮಾತ್ರ ಬಡ್ಡಿ ಇಳಿಯೋದು. ಹೋದ ವರ್ಷ ಕೊಬ್ಬರಿ ದುಡ್ಡು ಕೊಡೋವಾಗ್ಲೇ ಅಸಲಿಗೆ ಹಾಕ್ರಿ ಅಂತ ನಾನು ಹೇಳ್ಲಿಲ್ವಾ?"

"ಹೇಳಿದ್ರಿ."

"ನೀವೇನು ಮಾಡಿದ್ರಿ?"

"ಗೇಟು ಮಾಡಿಸ್ದೆ."

"ನವಿಲಿರೋ ಗೇಟು" ಅಂದರು ಸಾಹೇಬರು. ಕನ್ನಡಕ ಮತ್ತೆ ಹಾಕಿಕೊಂಡರು. ಬೈದಿದ್ದರೆ ಚೆನ್ನಾಗಿತ್ತು.

ಮತ್ತೆ ಬ್ಯಾಂಕಿಗೆ ಬಂದೆ. ಎರಡು ಲಕ್ಷದ ನಲವತ್ತು ಸಾವಿರವನ್ನೂ ಅಸಲಿಗೆ ಹಾಕು ಅಂದೆ. ರುಜುವಿಗೆ ನಿನ್ನಪ್ಪನನ್ನು ಕರೆಸಿದರು. ಹಾಲಸ್ವಾಮಿ ಕೂಡಿ ಕಳೆದು ಹದಿನೈದು ವರ್ಷ ಇದ್ದದ್ದು ಒಂಬತ್ತಕ್ಕೆ ಇಳಿಯಿತು ಅಂದ. ಇದಕ್ಕೆ ನಾನು ಸಂತೋಷ ಪಡಬೇಕಿತ್ತು. ಅದರ ಬದಲು ಇನ್ನೊಂದು ಏಟು ಬಿದ್ದ ಹಾಗಾಯಿತು. ಒಂದೇ ಅಟ್ಟದ ಕೊಬ್ಬರಿ ಆರು ವರ್ಷ ಅಳಿಸುವುದಾದರೆ, ಈ ಒಂಬತ್ತು ವರ್ಷದಲ್ಲಿ ಇಳಿಸಿ ಮಾರಿದ ಅಟ್ಟಗಳೆಷ್ಟು, ಆ ದುಡ್ಡಿನಲ್ಲಿ ನಾನು ಮಾಡಿಸಿದ ಗೇಟು, ಗ್ರಾನೈಟು, ಹಂಚಿದ ಸೀರೆಗಳೆಷ್ಟು.

ಬರುವಾಗ ಗಾಡಿಯಲ್ಲಿ ನಿನ್ನಪ್ಪನನ್ನು ಕೇಳಿದೆ. "ವರ್ಷ ಏರಿಸಿದ್ದು ನಿನಗೆ ತಿಳಿಸ್ಲಿಲ್ವೇನ್ಲಾ ಅವರು?"

"ಮೆಸೇಜು ಬಂದಿತ್ತು ಕಣವ್ವ. ಇಂಗ್ಲೀಷಲ್ಲಿತ್ತು. ಕಂತು ಅಷ್ಟೇ ಐತಲ್ಲ ಅಂತ ಸುಮ್ಕಾದೆ."

"ಮಗಳು ನರ್ಸು. ಅವಳಿಗೆ ತೋರಿಸಕ್ಕಾಗ್ಲಿಲ್ವಾ?"

"ನೀನು ಗೋಡೆ ಮೇಲೆ ಲೆಕ್ಕ ಇಟ್ಟಿದ್ದೆ. ನಿನ್ನ ಲೆಕ್ಕ ಯಾವತ್ತು ತಪ್ಪೈತೆ ಅಂತ ನಾನು ನೋಡಕ್ಕೆ ಹೋಗ್ಲಿಲ್ಲ."

ಅವನನ್ನು ಬೈಯಬೇಡ ಮಗಳೇ. ಆರ್‌ಸಿಸಿ ಮನೆ ಬೇಕು, ಎಲ್ಲರದೂ ಆಯಿತು ನಮ್ಮದಾಗಲಿಲ್ಲ ಎಂದು ಅವನ ಬೆನ್ನು ಬಿದ್ದು ಸಾಲದ ಕಾಗದಕ್ಕೆ ರುಜು ಹಾಕಿಸಿದವಳು ನಾನೇ.

ಈಗ ನಾನು ತೀರ್ಮಾನಿಸಿದ್ದನ್ನು ಹೇಳುತ್ತೇನೆ. ಈ ತಿಂಗಳಿಂದ ನೀನು ಎಂಟು ಸಾವಿರ ಕಳಿಸಕೂಡದು. ಒಂದು ರೂಪಾಯಿಯೂ ಬೇಡ. ಇದನ್ನು ಹೇಳಿದಾಗ ನಿನ್ನವ್ವ ಒಲೆ ಮುಂದಿನಿಂದ ಎದ್ದೇ ಬಂದಳು.

"ಅವಳ ದುಡ್ಡಿಲ್ದೆ ಕಂತು ಹೆಂಗೆ ಕಟ್ಟದು ಅತ್ತೆ? ಆಕಾಶದಿಂದ ಬತ್ತದಾ?"

"ಮುಂದಿನ ಎರಡು ರೂಮು ಹೈಸ್ಕೂಲ್ ಮೇಡಮ್ಮಿಗೆ ಬಾಡಿಗೆ ಕೊಡು. ಅವರು ಕೇಳಿ ಒಂದು ತಿಂಗಳಾಯ್ತು."

"ಗ್ರಾನೈಟು ಹಾಕಿಸಿರೋ ರೂಮಾ?"

"ಗ್ರಾನೈಟಿಗೇನು, ಯಾರು ತುಳಿದ್ರೂ ಒಂದೇ ಕಣೇ."

ಬಾಡಿಗೆ ನಾಲ್ಕೂವರೆ ಸಾವಿರಕ್ಕೆ ಒಪ್ಪಿಸಿದ್ದೇನೆ. ಉಳಿದದ್ದಕ್ಕೆ ನನ್ನ ಪೆನ್ಷನ್ನು, ಹಾಲಿನ ದುಡ್ಡು. ವರ್ಷದ ಕೊಬ್ಬರಿಯೆಲ್ಲ ಇನ್ನು ಮೇಲೆ ಅಸಲಿಗೇ. ಕೊಬ್ಬರಿಗೆ ಒಳ್ಳೆ ರೇಟು ಸಿಕ್ಕರೆ ಒಂಬತ್ತು ವರ್ಷದ್ದು ನಾಲ್ಕೈದಕ್ಕೇ ಮುಗಿಯಬಹುದು ಎಂದು ಹಾಲಸ್ವಾಮಿಯೇ ಬರೆದುಕೊಟ್ಟಿದ್ದಾನೆ. ನನ್ನ ಮಾತನ್ನು ನಂಬು ಎಂದು ಕೇಳುವುದಕ್ಕೆ ನನಗೆ ಈಗ ಮುಖವಿಲ್ಲ, ಅದಕ್ಕೇ ಆ ಕಾಗದವನ್ನೂ ಇದರೊಳಗೆ ಮಡಿಚಿ ಇಟ್ಟಿದ್ದೇನೆ. ನೀನೇ ಓದಿ ನೋಡು. ಮೈಸೂರಿನ ಅರ್ಜಿ ತಡ ಮಾಡದೆ ಹಾಕು. ಮುಂದೆ ಯಾವತ್ತಾದರೂ ನೀನು ಮನೆಗೆಂದು ಸಾಲ ಮಾಡುವುದಾದರೆ, ಕಂತು ಎಷ್ಟು ಎಂದು ಕೇಳುವ ಮೊದಲು ಅದರಲ್ಲಿ ಅಸಲಿಗೆ ಎಷ್ಟು ಹೋಗುತ್ತದೆ, ಕೊನೆಗೆ ಒಟ್ಟು ಎಷ್ಟಾಗುತ್ತದೆ ಎಂದು ಕೇಳು. ನಾನು ಕೇಳಲಿಲ್ಲ.

ಚಳಿ ಶುರುವಾಗಿದೆ. ರಾತ್ರಿ ಪಾಳಿಗೆ ಹೋಗುವಾಗ ಕಿವಿ ಮುಚ್ಚಿಕೋ. ನಿನ್ನ ಕೈ ಮುಟ್ಟಿದ ರೋಗಿಗಳೆಲ್ಲ ಎದ್ದು ಓಡಾಡಲಿ, ನಿನ್ನ ಕಾಲು ಮುಟ್ಟಿದ ಕಡೆಯೆಲ್ಲ ನಿನಗೆ ಒಳ್ಳೆಯದಾಗಲಿ.

ಇಂತಿ ನಿನ್ನ ಅಜ್ಜಿ,
ಹನುಮಕ್ಕ

ಇನ್ನೊಂದು ಮಾತು. ಕಾಗದ ಮಡಿಚಿ ಅಂಟು ಹಚ್ಚುವ ಮೊದಲು ಬಿಡಿಸಿ ಇದನ್ನು ಬರೆಯುತ್ತಿದ್ದೇನೆ. ಎರಡು ವರ್ಷದ ಕೆಳಗೆ ಬೇಸಿಗೆಯಲ್ಲಿ ಸಂಪಿಗೆ ಊರಿನ ಲಕ್ಷ್ಮಯ್ಯನವರು ಮಗ ವಸಂತನನ್ನು ಕರೆದುಕೊಂಡು ನಿನ್ನನ್ನು ನೋಡಲು ಬಂದಿದ್ದರು. ಅವರಿಗೆ ಒಪ್ಪಿಗೆಯಾಗಲಿಲ್ಲವಂತೆ ಎಂದು ನಿನಗೂ, ನಿನ್ನ ಅಪ್ಪ ಅವ್ವನಿಗೂ ಹೇಳಿದವಳು ನಾನು. ಅದು ಸುಳ್ಳು. ಹತ್ತು ದಿನ ಬಿಟ್ಟು ಲಕ್ಷ್ಮಯ್ಯನವರು ಮಂಡಿಯಲ್ಲಿ ನನಗೆ ಸಿಕ್ಕಿ, "ಹುಡುಗ ಒಪ್ಪವ್ನೆ ಕಣಮ್ಮ, ನಿಮ್ಮದೇನು?" ಎಂದು ಕೇಳಿದರು. ಇನ್ನು ಇಪ್ಪತ್ತೊಂಬತ್ತು ಕಂತು ಉಳಿದಿದೆ, ಅಲ್ಲಿಯವರೆಗೆ ನಿನ್ನ ಎಂಟು ಸಾವಿರ ನಿಂತರೆ ಮನೆ ಕೈಬಿಟ್ಟು ಹೋಗುತ್ತದೆ ಎಂದು ನಾನು ಮನಸ್ಸಿನಲ್ಲೇ ಲೆಕ್ಕ ಹಾಕಿದೆ. ನಮ್ಮ ಹುಡುಗಿಗೆ ಮನಸ್ಸಿಲ್ಲ ಎಂದುಬಿಟ್ಟೆ. ಆದರೂ ಅವರು ಆರು ತಿಂಗಳು ಕಾದರು, ಎರಡು ಸಲ ಹೇಳಿ ಕಳಿಸಿದರು. ಹೋದ ವೈಶಾಖದಲ್ಲಿ ವಸಂತನ ಮದುವೆಯಾಯಿತು. ನಾನು ಬಣ್ಣದಲ್ಲಿ ಕಡಿಮೆಯಾ ಅಜ್ಜಿ, ಮಾತು ಜಾಸ್ತಿಯಾಯಿತಾ ಎಂದು ಆಗ ನೀನು ನನ್ನನ್ನು ಕೇಳಿದ್ದೆ. ಅದಕ್ಕೆ ನಾನು ಉತ್ತರ ಕೊಡದೆ ಸೊಪ್ಪು ಸೋಸುತ್ತಾ ಕೂತಿದ್ದೆ. ಇವತ್ತು ಕೊಡುತ್ತೇನೆ. ನಿನ್ನಲ್ಲಿ ಅವರಿಗೆ ಏನೂ ಕಡಿಮೆ ಕಾಣಲಿಲ್ಲ ಕಣೇ. ನೀನು ಅವರಿಗೆ ಬಹಳ ಹಿಡಿಸಿದ್ದೆ.