ಒಡೆದ ಹಾಲು

೧೨ ಜುಲೈ ೧೯೯೯, ಸೋಮವಾರ

ಮಣ್ಣೆತ್ತಿನ ಅಮಾವಾಸ್ಯೆ. ಅಂಗನವಾಡಿಗೆ ಹೋಗಲಿಲ್ಲ. ಹೋಳಿಗೆ, ಎತ್ತಿನ ಪೂಜೆ, ಅತ್ತೆಯ ಕಣ್ಣಿಗೆ ಡ್ರಾಪ್ಸ್. ಆಮೇಲೆ ಮಣಿ ತೊಳೆಯುವುದು. ಅತ್ತೆಗೆ ಕಣ್ಣಲ್ಲಿ ಪೊರೆ ಬಂದ ಮೇಲೆ ಅದು ನನ್ನ ಕೆಲಸ.

ಒಡೆಯಿತು.

ಬಚ್ಚಲ ಕಲ್ಲಿನ ಮೇಲೆ ಬಿದ್ದು ಮೂರು ಚೂರು. ಅಡಿಕೆಯಷ್ಟು ದಪ್ಪದ, ನೀರಿನಂಥ ಬಿಳಿ ಸ್ಫಟಿಕ. ಪಾತಾಳದಲ್ಲಿ ಸೂರ್ಯನಿಲ್ಲವಂತೆ, ಅಲ್ಲಿ ಇಂಥ ಮಣಿಗಳೇ ದೀಪವಂತೆ. ನಾಗರಾಣಿಗೆ ಹೆರಿಗೆ ಮಾಡಿಸಿದ ಈ ಮನೆಯ ಸೊಸೆಯೊಬ್ಬಳಿಗೆ ಉಡಿಯಲ್ಲಿ ಹಾಕಿ ಕಳಿಸಿದರಂತೆ. ಕಡಿದ ಜಾಗಕ್ಕೆ ಇಟ್ಟರೆ ವಿಷ ಹೀರುತ್ತದೆ. ಏಳು ತಲೆಮಾರು ಜೋಪಾನವಾಗಿತ್ತು. ನನ್ನ ಕೈಯಲ್ಲಿ ಎಂಟು ತಿಂಗಳು.

ಹಿಂದೊಮ್ಮೆ ಬರೀ ಕೆಳಗೆ ಬೀಳಿಸಿದ ಸೊಸೆಯನ್ನೇ ತವರಿಗೆ ಅಟ್ಟಿದರಂತೆ. ಅತ್ತೆ ಒಳಗಿನಿಂದ, ಏನು ಸಪ್ಪಳ ಅಂದರು. ತಂಬಿಗೆ ಅಂದೆ.

೧೪ ಜುಲೈ

ಮೀಟಿಂಗ್ ಅಂತ ಸುಳ್ಳು ಹೇಳಿ ಕೊಟ್ಟೂರಿಗೆ ಹೋದೆ. ಪೂಜೆ ಸಾಮಾನಿನ ಅಂಗಡಿಯಲ್ಲಿ ಸ್ಫಟಿಕ ಕೇಳಿದರೆ ಪಟಿಕ ಕೊಟ್ಟ — ಕ್ಷೌರದವರು ಗಲ್ಲಕ್ಕೆ ತಿಕ್ಕುವ ಒಗರು ಕಲ್ಲು. ನಮ್ಮವರ ಬಾಯಲ್ಲಿ ಎರಡಕ್ಕೂ ಒಂದೇ ಹೆಸರು. ಇದಲ್ಲ ಅನ್ನಬೇಕೆಂದಿದ್ದೆ. ಬೆಳಕಿಗೆ ಹಿಡಿದು ನೋಡಿದೆ... ಅದೇ ಬಿಳಿ. ಎರಡು ಕೊಂಡೆ.

ಕಲ್ಲಿನ ಮೇಲೆ ನೀರು ಹಾಕಿ ಉಜ್ಜಿ ಗುಂಡಗೆ ಮಾಡಿದೆ. ಅತ್ತೆ ಅಂಗೈಯಲ್ಲಿಟ್ಟುಕೊಂಡು ಕಣ್ಣಿಗೆ ಒತ್ತಿಕೊಂಡರು.

೨೭ ಜುಲೈ

ಟ್ರ್ಯಾಕ್ಟರ್ ಮೆಕ್ಯಾನಿಕ್ ನೂರಸಾಬನಿಗೆ ಹುಳ ಮುಟ್ಟಿತು. (ಈ ಮನೆಯಲ್ಲಿ ಹಾವು ಅನ್ನುವಂತಿಲ್ಲ.) ಅತ್ತೆ ಕಲ್ಲಿಟ್ಟರು. ಆಮೇಲೆ ಪದ್ಧತಿಯಂತೆ ಕಾಸಿದ ಹಾಲಿನ ಬಟ್ಟಲಿಗೆ ಹಾಕಿದರು. ಹಾಲು ಒಡೆದರೆ ವಿಷ ಇಳಿದಿದೆ ಎಂದರ್ಥ.

ಒಡೆಯಿತು. ಕಣ್ಣೆದುರೇ ಗಟ್ಟಿ ಬೇರೆ, ನೀರು ಬೇರೆ.

ನಾನು ಬಂದ ಮೇಲೆ ಆರು ಜನ ಬಂದಿದ್ದರು. ಒಬ್ಬರಿಗೂ ಒಡೆದಿರಲಿಲ್ಲ. ಅತ್ತೆ ಕೈಮುಗಿದು, ನನ್ನಿಂದ ಆಗಲಿಲ್ಲ, ಕೂಡ್ಲಿಗಿ ದವಾಖಾನೆಗೆ ಓಡಿ ಅನ್ನುತ್ತಿದ್ದರು. ಓಡುತ್ತಿದ್ದರು. ಇಂಜೆಕ್ಷನ್ ಆಗಿ ಉಳಿಯುತ್ತಿದ್ದರು.

ನೂರಸಾಬ ಇವತ್ತು ನೇರ ಮನೆಗೆ ಹೋದ.

೨೮ ಜುಲೈ

ಅತ್ತೆ ಮಲಗಿದ್ದಾಗ ಬೇರೆ ಹಾಲಿಗೆ ಉಳಿದ ಪಟಿಕ ಹಾಕಿ ನೋಡಿದೆ. ಯಾರಿಗೂ ಏನೂ ಮುಟ್ಟಿಲ್ಲ. ಹಾಲು ಒಡೆಯಿತು. ಹಿತ್ತಲಿಗೆ ಚೆಲ್ಲಿದೆ.

ನೂರಸಾಬ ಆರಾಮಾಗಿದ್ದಾನೆ. ವಿಷವಿಲ್ಲದ್ದೇ ಮುಟ್ಟಿರಬೇಕು. ಗ್ಯಾರೇಜಿಗೆ ಬಂದವರಿಗೆಲ್ಲ ನಮ್ಮತ್ತೆ ಹಂಪಮ್ಮನ ಮಣಿಯ ಮಹಿಮೆ ಹೇಳುತ್ತಿದ್ದಾನಂತೆ. ಶನಿವಾರ ಇವರು ಬಂದಾಗ ಹೇಳಿಬಿಡಬೇಕು.

೧೯ ಆಗಸ್ಟ್

ಹೇಳಲಿಲ್ಲ. ಮೂರು ಶನಿವಾರ ಕಳೆದವು.

ಇವತ್ತು ನೀಲಗುಂದದಿಂದ ಟೆಂಪೋ. ಇಪ್ಪತ್ತೈದರ ಆಸುಪಾಸಿನವನು, ಕಾಲು ಊದಿತ್ತು. ಬಂದವರ ಹೆಸರು ಕೇಳುವಂತಿಲ್ಲ, ಅದೂ ಪದ್ಧತಿ. ಹಾಲು ಒಡೆಯಿತು. ಜೊತೆಗಿದ್ದವರು ಅತ್ತೆಯ ಕಾಲಿಗೆ ಬಿದ್ದರು. ದವಾಖಾನೆಗೆ ಹೋಗಿ ಅನ್ನಲು ಟೆಂಪೋವರೆಗೂ ಹೋದೆ. ಅತ್ತೆ ಕಟ್ಟೆಯ ಮೇಲೆ ಕೂತಿದ್ದರು, ಕಿವಿ ಚುರುಕು ಅವರದು. ಹುಷಾರು ಅಂತಷ್ಟೇ ಅಂದೆ. ಥೂ ನನ್ನ ಬಾಯಿಗೆ.

೩ ಸೆಪ್ಟೆಂಬರ್, ಸಂಜೆ ೪

ಚೌಡಕ್ಕ — ನಮ್ಮ ಅಂಗನವಾಡಿ ಅಡುಗೆಯವಳು — ಉಪ್ಪಿಟ್ಟಿಗೆ ಸೌದೆ ಎಳೆಯುವಾಗ ಕೈಗೆ ಹುಳ ಮುಟ್ಟಿತು. ದವಾಖಾನೆ ಅಂದೆ. ಅವಳ ಗಂಡ ಹುಲುಗೇಶ ಕೇಳಲಿಲ್ಲ. ನಿಮ್ಮ ಮನೆಯಲ್ಲೇ ಮಣಿ ಇರುವಾಗ ಅಂತ ಎತ್ತಿಕೊಂಡು ಬಂದ.

ಅತ್ತೆ ಕಲ್ಲಿಟ್ಟರು. ಹಾಲಿಗೆ ಹಾಕಿದರು.

"ಒಡದಾವ ನೋಡಪಾ. ವಿಷ ಇಳೀತು, ಮನಿಗೆ ಕರಕೊಂಡು ಹೋಗು."

ಚೌಡಕ್ಕನ ರೆಪ್ಪೆ ಜೋಲುತ್ತಿತ್ತು. ನನ್ನನ್ನು ನೋಡಲು ತಲೆಯನ್ನೇ ಹಿಂದಕ್ಕೆ ಎತ್ತಿದಳು. ಮಾತು ತೊದಲುತ್ತಿತ್ತು.

"ಅತ್ತಿ, ಅದು ಮಣಿ ಅಲ್ರಿ. ಮಣಿ ನನ್ನ ಕೈಯಾಗ ಒಡದು ಹೋಗೈತಿ. ಇದು ಪಟಿಕ."

ಯಾರೂ ನಂಬಲಿಲ್ಲ. ಅತ್ತೆ, ನಿನಗೆ ಗಾಳಿ ಬಡಿದಿದೆಯೇನು ಅಂದರು. ಹುಲುಗೇಶ ಬಟ್ಟಲು ತೋರಿಸಿದ. "ಹಾಲು ಒಡದಿದ್ದು ಸುಳ್ಳೇನಕ್ಕಾ?"

ಒಳಗೆ ಓಡಿ ಇನ್ನೊಂದು ಬಟ್ಟಲು ಹಾಲು ತಂದೆ. ಪೆಟ್ಟಿಗೆಯಲ್ಲಿ ಬಚ್ಚಿಟ್ಟಿದ್ದ ಪಟಿಕದ ತುಂಡು ತಂದು ಎಲ್ಲರ ಮುಂದೆ ಹಾಕಿದೆ. ಒಡೆಯಿತು. ಅತ್ತೆ ಬೆರಳದ್ದಿ ನಾಲಿಗೆಗೆ ಹಚ್ಚಿಕೊಂಡರು. ಒಗರು ತಿಳಿದಿರಬೇಕು, ಬಟ್ಟಲನ್ನು ಮೆಲ್ಲಗೆ ಕೆಳಗಿಟ್ಟರು. ನೂರಸಾಬ ರಿಪೇರಿಗೆ ಬಂದಿದ್ದ ಟ್ರ್ಯಾಕ್ಸ್ ಜೀಪು ತಂದ. ಹೊರಟಾಗ ಹನ್ನೆರಡಾಗಿತ್ತು. ಒಂದೂವರೆ ಗಂಟೆ ನಾವೇ ತಿಂದುಹಾಕಿದ್ದೆವು.

ಕೂಡ್ಲಿಗಿಯಿಂದ ಸುದ್ದಿ ಇಲ್ಲ.

೬ ಸೆಪ್ಟೆಂಬರ್

ಚೌಡಕ್ಕ ಕಣ್ಣು ಬಿಟ್ಟಳು. ನೀರು ಕುಡಿದಳಂತೆ. ಅಡುಗೆಮನೆಯಲ್ಲಿ ಕೂತು ಅತ್ತುಬಿಟ್ಟೆ.

ಅತ್ತೆ ಮೂರು ದಿನದಿಂದ ಮಾತಾಡಿಲ್ಲ. ಬೈದಿದ್ದರೆ, ತವರಿಗೆ ಹೋಗು ಅಂದಿದ್ದರೆ ಹಗುರಾಗುತ್ತಿತ್ತು. ಚೌಡಕ್ಕನ ಸುದ್ದಿ ಕೇಳಿದ ಮೇಲೆ ಬಾಯಿಬಿಟ್ಟರು.

"ಟೆಂಪೋದಾಗ ಬಂದಿದ್ದನಲ್ಲ, ಅವಗ ಇಟ್ಟಿದ್ದೂ ಇದೇ ಏನು?"

ತಲೆ ಆಡಿಸಿದೆ. ಅವರಿಗೆ ಕಾಣಿಸಲಿಲ್ಲ. ಹೌದು ಅಂತ ಬಾಯಿಬಿಟ್ಟೇ ಹೇಳಬೇಕಾಯಿತು.

೧೨ ಸೆಪ್ಟೆಂಬರ್, ಭಾನುವಾರ. ನೀಲಗುಂದ

ಅತ್ತೆ, ನಾನು ಹರಪನಹಳ್ಳಿಯಲ್ಲಿ ಬಸ್ಸು ಬದಲಿಸಿ ಬಂದೆವು. ಹೆಸರು ಗೊತ್ತಿಲ್ಲದವನ ಮನೆ ಹೇಗೆ ಕೇಳುವುದು? ಟೆಂಪೋ ಅಂದ ತಕ್ಷಣ ಹೋಟೆಲಿನವನಿಗೆ ಗೊತ್ತಾಯಿತು. ಎದುರಿನ ಓಣಿ, ಮೂರನೇ ಮನೆ. ಬೇರೇನೂ ಹೇಳಲಿಲ್ಲ. ನಾನೂ ಕೇಳಲಿಲ್ಲ.

ಅತ್ತೆ, ನೀನು ಇಲ್ಲೇ ಕೂಡು ಅಂದರು. ಕಲ್ಲಿಟ್ಟದ್ದು ನನ್ನ ಕೈ, ನಾನೇ ಹೋಗುತ್ತೇನೆ ಅಂದರು. ಗೋಡೆ ಹಿಡಿದುಕೊಂಡು ಹೋಗುತ್ತಿದ್ದಾರೆ. ಭೀಮೇಶ್ವರನ ಗುಡಿ ಕಟ್ಟೆಯ ಮೇಲೆ ಕೂತಿದ್ದೇನೆ, ಸುಮ್ಮನಿರಲಾಗದೆ ಬರೆಯುತ್ತಿದ್ದೇನೆ. ಅವನೇ ಹೊರಗೆ ಬರಲಿ ದೇವರೇ, ಕುಂಟುತ್ತಲಾದರೂ ಬರಲಿ.

ಬಾಗಿಲು ತೆರೆಯಿತು. ಹೆಂಗಸು. ಚಿಕ್ಕ ವಯಸ್ಸು, ನನಗಿಂತ ಚಿಕ್ಕವಳು. ಹಣೆಯಲ್ಲಿ ಕುಂಕುಮ ಇದೆಯೋ ಇಲ್ಲವೋ, ಇಷ್ಟು ದೂರದಿಂದ ಕಾಣಿಸುತ್ತಿಲ್ಲ. ಅತ್ತೆ ಏನೋ ಕೇಳಿದರು. ಅವಳು ಹೇಳಿದಳು.

ಅತ್ತೆ ಅವಳ ಕಾಲು ಮುಟ್ಟಲು ಬಗ್ಗುತ್ತಿದ್ದಾರೆ. ಅವನು ಇನ್ನು ಹೊರಗೆ ಬರುವುದಿಲ್ಲ.