ನಿಮ್ಮ ಎಡ ಮಂಡಿಯ ಸಮಾಚಾರ

ಜಯನಗರ, ಆರನೇ ಬ್ಲಾಕ್
ಸೋಮವಾರ, 9 ಜೂನ್ 2025

ಶ್ರೀ ರಾಮಪ್ರಸಾದರಿಗೆ ವಾರಿಜೆಯ ನಮಸ್ಕಾರ.

ಅರ್ಜಿ, ಫಾರಂಗಳನ್ನು ಬಿಟ್ಟರೆ ಮದುವೆಯಾದ ಮೂವತ್ತಮೂರು ವರ್ಷಗಳಲ್ಲಿ ನಿಮ್ಮ ಹೆಸರನ್ನು ನಾನು ಬರೆಯುತ್ತಿರುವುದು ಇದೇ ಮೊದಲು. ಬಾಯಲ್ಲಿ ‘ರೀ’ ಅಂದರೆ ಸಾಕಾಗುತ್ತಿತ್ತು. ಕಾಗದದಲ್ಲಿ ಹಾಗೆ ಕೂಗಿದರೆ ಅಂಚೆಯವನು ಯಾರಿಗೆ ಕೊಡಬೇಕು? ಕತ್ರಿಗುಪ್ಪೆಗೂ ನಮ್ಮ ಮನೆಗೂ ಆಟೋದಲ್ಲಿ ಕಾಲು ಗಂಟೆ. ಇಷ್ಟು ಹತ್ತಿರದಲ್ಲಿರುವ ಗಂಡನಿಗೆ ಸ್ಪೀಡ್ ಪೋಸ್ಟ್ ಮಾಡುತ್ತಿರುವವಳು ಇಡೀ ಬೆಂಗಳೂರಿನಲ್ಲಿ ನಾನೊಬ್ಬಳೇ ಇರಬೇಕು. ಫೋನ್ ಮಾಡಬಹುದಿತ್ತು. ಆದರೆ ಫೋನಿನಲ್ಲಿ ನೀವು ಎಲ್ಲದಕ್ಕೂ ‘ಹೂಂ’ ಅನ್ನುತ್ತೀರಿ. ಆ ಹೂಂ ಒಪ್ಪಿಗೆಯದೋ, ಬೇಸರದ್ದೋ, ಟೀವಿ ನೋಡುತ್ತಾ ಅಂದದ್ದೋ ನನಗೆ ಇವತ್ತಿಗೂ ತಿಳಿದಿಲ್ಲ.

ವಿಷಯಕ್ಕೆ ಬರುತ್ತೇನೆ. ಬರುವ ಭಾನುವಾರ, ಹದಿನೈದನೇ ತಾರೀಖು, ಸಂಜೆ ನಾಲ್ಕರಿಂದ ಆರರವರೆಗೆ ನೀವು ಇಲ್ಲಿಗೆ ಬಂದು ಹಾಲಿನಲ್ಲಿ ಕುರ್ಚಿಯ ಮೇಲೆ ಕೂರಬೇಕು. ಎಡಗಾಲನ್ನು ಸ್ವಲ್ಪ ಮುಂದಕ್ಕೆ ಚಾಚಿಕೊಂಡು ಕೂತರೆ ಇನ್ನೂ ಒಳ್ಳೆಯದು. ಯಾಕೆಂದರೆ ನಿಮ್ಮ ಎಡ ಮಂಡಿಗೆ ಆಪರೇಷನ್ ಆಗಿದೆ. ಮಾಡಿಸಿದವಳು ನಾನೇ.

ನಗಬೇಡಿ. ಪೂರ್ತಿ ಓದಿ.

ನಾನು ಯೂರೋಪ್ ಟೂರಿಗೆ ಹೋಗಿದ್ದು ನಿಮಗೆ ಗೊತ್ತು. ಪ್ರಾಗ್‌ನಿಂದ ಆ ಫೋನ್ ಬಂದ ಮೇಲಂತೂ ಚೆನ್ನಾಗಿಯೇ ಗೊತ್ತಾಗಿರಬೇಕು. ಅದಕ್ಕೆ ಆಮೇಲೆ ಬರುತ್ತೇನೆ. ನಮ್ಮದು ಇಪ್ಪತ್ತೊಂಬತ್ತು ಜನರ ಗುಂಪು. ಹದಿನಾಲ್ಕು ಜೋಡಿ, ಜೊತೆಗೆ ನಾನು. ಹೆಚ್ಚುಕಡಿಮೆ ಎಲ್ಲರೂ ನಮ್ಮ ಕಡೆಯವರೇ, ಜೆ.ಪಿ. ನಗರ, ಬನಶಂಕರಿ, ಪದ್ಮನಾಭನಗರ. ಅಡುಗೆಗೆ ತಿರುಮಲೇಶ ಅಂತ ಒಬ್ಬ ಭಟ್ಟರನ್ನೂ ಟೂರಿನವರು ಜೊತೆಗೇ ಕರೆತಂದಿದ್ದರು, ಹಾಗಾಗಿ ಹೊಟ್ಟೆಗೆ ಮಾತ್ರ ಬೆಂಗಳೂರು ಬಿಟ್ಟಿದ್ದೇ ತಿಳಿಯಲಿಲ್ಲ. ವಿಮಾನ ನಿಲ್ದಾಣದಲ್ಲಿ ಸಾಲಿನಲ್ಲಿ ನಿಂತಿರುವಾಗಲೇ ಜೆ.ಪಿ. ನಗರದ ಸುಧಾಮಣಿ ಅನ್ನುವವರು ನನ್ನ ಹಿಂದೆ ಮುಂದೆ ನೋಡಿ ಕೇಳಿದರು, “ಎಲ್ಲಿ, ನಿಮ್ಮ ಯಜಮಾನ್ರು ಕಾಣಿಸ್ತಾನೇ ಇಲ್ವಲ್ಲ?”

ಬರಲಿಲ್ಲ ಎಂದಿದ್ದರೆ ಮುಗಿಯುತ್ತಿತ್ತು. ಆಮೇಲೆ ಯಾಕೆ ಎಂದು ಕೇಳುತ್ತಾರಲ್ಲ, ಅದಕ್ಕೆ ಹೆದರಿ, ಅವರಿಗೆ ಎಡ ಮಂಡಿ ಆಪರೇಷನ್ ಆಗಿದೆ ಎಂದುಬಿಟ್ಟೆ. ಮೂವತ್ತು ವರ್ಷ ಸ್ಕೂಲಿನಲ್ಲಿ ಮಕ್ಕಳ ಸುಳ್ಳನ್ನು ಮುಖ ನೋಡಿಯೇ ಹಿಡಿದವಳು ನಾನು. ಹೊಟ್ಟೆನೋವೆಂದು ರಜೆ ಕೇಳುವ ಹುಡುಗಿಯ ಹಾಗೆ ಸರಾಗವಾಗಿ ಹೇಳಿದೆ.

ನಮ್ಮವರು ಗೊತ್ತಲ್ಲ, ಆಪರೇಷನ್ ಎಂದು ಕೇಳಿದ ಮೇಲೆ ಬಿಡುತ್ತಾರೆಯೇ? ಎರಡು ಮಂಡಿಯೋ ಒಂದೋ, ಹೊಲಿಗೆ ಬಿಚ್ಚಿದರೋ ಇಲ್ಲವೋ, ಹಾಗಿದ್ದೂ ನೀವು ಹೇಗೆ ಬಿಟ್ಟುಬಂದಿರಿ, ಯಾರು ನೋಡಿಕೊಳ್ಳುತ್ತಾರೆ? ಕತ್ರಿಗುಪ್ಪೆಯಲ್ಲಿ ಅವರಣ್ಣನ ಮನೆಯಲ್ಲಿದ್ದಾರೆ ಎಂದೆ. ಅಷ್ಟಾದರೂ ನಿಜ. ‘ಟಿಕೆಟ್ ಆಗಿದೆಯಲ್ಲ, ನನಗೋಸ್ಕರ ನೀನ್ಯಾಕೆ ಬಿಡ್ತೀಯ, ಹೋಗಿ ಬಾ’ ಎಂದು ಅವರೇ ಬಲವಂತ ಮಾಡಿ ಕಳಿಸಿದರು ಅಂತಲೂ ಸೇರಿಸಿದೆ. ಸುಧಾಮಣಿ ತಮ್ಮ ಯಜಮಾನರ ಕಡೆ ತಿರುಗಿ, “ಕೇಳಿಸ್ಕೊಂಡ್ರಾ? ಗಂಡ ಅಂದ್ರೆ ಹಂಗಿರ್ಬೇಕು” ಅಂದರು. ಪಾಪ, ಆ ಚಿದಾನಂದ್ ಎರಡು ಸೂಟ್‌ಕೇಸು, ಒಂದು ಚೀಲ ಹೊತ್ತುಕೊಂಡು ನಿಂತಿದ್ದರು.

ಅಲ್ಲಿಂದ ಶುರುವಾಯಿತು. ದಿನಾ ಬೆಳಗ್ಗೆ ತಿಂಡಿಯ ಹೊತ್ತಿಗೆ ನಿಮ್ಮ ಮಂಡಿಯ ಸಮಾಚಾರ ಒಪ್ಪಿಸಬೇಕು. ನಾಲ್ಕನೇ ದಿನ ವಾಕರ್ ಬಿಡಿಸಿದೆ. ಆರನೇ ದಿನ ಕೋಲು ಹಿಡಿದು ಗೇಟಿನವರೆಗೆ ನಡೆಸಿದೆ. ಅಷ್ಟೇ ಆಗಿದ್ದರೆ ಸುಳ್ಳು ಎಂದು ಸುಮ್ಮನಾಗಬಹುದಿತ್ತು. ನಾನು ನಿಮ್ಮಿಂದ ಮಾತೂ ಆಡಿಸುತ್ತಿದ್ದೆ. ಚಳಿ ಇದೆಯಾ ಎಂದು ಕೇಳಿದರು, ಮಾತ್ರೆ ಮರೆಯಬೇಡ ಅಂದರು, ನೀನಿಲ್ಲದೆ ಕಾಫಿ ಸರಿಹೋಗುತ್ತಿಲ್ಲ ಅಂದರು, ಹೀಗೆ. ರೂಮಿನಲ್ಲಿ ತಲೆ ಬಾಚಿಕೊಳ್ಳುತ್ತಾ ಇವತ್ತು ನೀವು ಏನು ಹೇಳಿದಿರಿ ಎಂದು ಯೋಚಿಸಿಕೊಂಡು ಕೆಳಗಿಳಿಯುತ್ತಿದ್ದೆ. ಹೇಳಲು ನಾಚಿಕೆಯಾಗುತ್ತದೆ, ಇಡೀ ದಿನದಲ್ಲಿ ನನಗೆ ಇಷ್ಟವಾಗುತ್ತಿದ್ದ ಹೊತ್ತು ಅದೇ.

ಎಂಟನೇ ದಿನ ಪ್ರಾಗ್. ಅಲ್ಲಿನವಳೇ ಒಬ್ಬ ಗೈಡ್, ಹಾನಾ ಅಂತ, ಹಳದಿ ಕೊಡೆ ಎತ್ತಿ ಹಿಡಿದು ಮುಂದೆ ಹೋಗುತ್ತಿದ್ದಳು. ನಮ್ಮೆಲ್ಲರ ಕಿವಿಗೂ ಒಂದೊಂದು ಪುಟ್ಟ ಯಂತ್ರ. ಅವಳು ಎಲ್ಲೋ ಮುಂದೆ ಮೆಲ್ಲಗೆ ಮಾತಾಡಿದರೂ ನಮ್ಮ ಕಿವಿಯಲ್ಲೇ ಹೇಳಿದ ಹಾಗೆ ಕೇಳುತ್ತದೆ. ಬೆಟ್ಟದ ಮೇಲಿನ ಅರಮನೆ, ಅದರೊಳಗಿನ ದೊಡ್ಡ ಇಗರ್ಜಿ, ಮಂತ್ರಿಗಳನ್ನು ಎತ್ತಿ ಆಚೆಗೆಸೆದ ಕಿಟಕಿ, ಎಲ್ಲ ತೋರಿಸಿದಳು. ವರ್ಷಗಟ್ಟಲೆ ನಾನು ಯೂರೋಪಿನ ಇತಿಹಾಸವನ್ನು ಒಂದು ಹರಕಲು ನಕ್ಷೆ ನೇತುಹಾಕಿಕೊಂಡು ಪಾಠ ಮಾಡಿದವಳು. ಆ ಕಿಟಕಿಯ ಮುಂದೆ ನಿಂತಾಗ ಯಾರಿಗಾದರೂ ಹೇಳಬೇಕೆನಿಸಿತು, ನೋಡಿ, ಇಷ್ಟೊಂದು ಎತ್ತರ, ಇದರಿಂದ ಬಿದ್ದವರು ಸಾಯಲೂ ಇಲ್ಲ, ಆದರೆ ಮೂವತ್ತು ವರ್ಷದ ಯುದ್ಧ ಹೊತ್ತಿಕೊಂಡಿತು ಅಂತ. ಪಕ್ಕಕ್ಕೆ ತಿರುಗಿದೆ. ಎಲ್ಲರೂ ಜೋಡಿ ಜೋಡಿಯಾಗಿ ಫೋಟೋ ತೆಗೆಸಿಕೊಳ್ಳುತ್ತಿದ್ದರು. ನನ್ನನ್ನು ನೋಡಿ, “ಮೇಡಂ, ನಮ್ದೊಂದು ತೆಗೀರಿ” ಅಂದರು. ಅವತ್ತು ಒಂದೇ ದಿನ ಹನ್ನೊಂದು ಜೋಡಿಗಳ ಫೋಟೋ ತೆಗೆದೆ. ನನ್ನದು ಒಂದೂ ಇಲ್ಲ.

ಸೇತುವೆಯ ಮೇಲೆ ಸಾಲಾಗಿ ಸಂತರ ವಿಗ್ರಹಗಳಿವೆ. ಒಬ್ಬ ಪಾದ್ರಿಯ ವಿಗ್ರಹದ ಬುಡದಲ್ಲಿ ಕಂಚಿನ ಫಲಕ, ಮುಟ್ಟಿದರೆ ಒಳ್ಳೆಯದಾಗುತ್ತದೆಂದು ಜನ ಸವರಿ ಸವರಿ ಚಿನ್ನದ ಹಾಗೆ ಹೊಳೆಯುತ್ತದೆ. ಸುಧಾಮಣಿ ಸಾಲಿನಲ್ಲಿ ನಿಂತು, ಅದನ್ನು ಸವರಿ ಕಣ್ಣಿಗೊತ್ತಿಕೊಂಡು, ನನ್ನ ಕಡೆ ತಿರುಗಿ, “ನಿಮ್ಮ ಯಜಮಾನ್ರ ಮಂಡಿಗೆ ಅಂತ ಬೇಡ್ಕೊಂಡೆ ಕಣ್ರೀ, ನಂಗೇನೂ ಕೇಳ್ಲಿಲ್ಲ” ಅಂದರು. ನೆಲ ಬಾಯಿಬಿಟ್ಟು ನುಂಗಬಾರದೇ ಎನಿಸಿತು. ಅಷ್ಟು ಒಳ್ಳೆಯ ಹೆಂಗಸಿಗೆ ನಾನು ಎಂಟು ದಿನದಿಂದ ಸುಳ್ಳು ಉಣಿಸುತ್ತಿದ್ದೆ.

ಮಧ್ಯಾಹ್ನ ಒಂದಕ್ಕೆ ಹಳೇ ಪಟ್ಟಣದ ಚೌಕ. ಅಲ್ಲಿ ಗೋಪುರದ ಗಡಿಯಾರ ಗಂಟೆ ಹೊಡೆಯುವಾಗ ಸಣ್ಣ ಕಿಟಕಿಗಳಲ್ಲಿ ಗೊಂಬೆಗಳು ಸಾಲಾಗಿ ಹಾದುಹೋಗುತ್ತವೆ. ಅದನ್ನು ನೋಡಲು ಕಡಲೆಕಾಯಿ ಪರಿಷೆಯಷ್ಟು ಜನ. ನೋಡಿ ಮುಗಿದ ಮೇಲೆ ಕಾಲು ನೋಯುತ್ತಿದೆಯೆಂದು ನಾನು ಚೌಕದ ನಡುವಿನ ದೊಡ್ಡ ಸ್ಮಾರಕದ ಕೆಳಗೆ ಕಲ್ಲುಬೆಂಚಿನ ಮೇಲೆ ಕೂತೆ. ಆ ಗಲಾಟೆಯಲ್ಲಿ ನಮ್ಮವರು ಹೊರಟಿದ್ದು ನನಗೆ ತಿಳಿಯಲಿಲ್ಲ. ಕಿವಿಯಲ್ಲಿ ಹಾನಾಳ ಧ್ವನಿ ಕರಕರ ಎಂದಿತು, ಸಣ್ಣದಾಯಿತು, ನಿಂತುಹೋಯಿತು.

ತಪ್ಪು ನಮ್ಮ ಟೂರ್ ಮ್ಯಾನೇಜರ್ ಶ್ರೀಕರನದು. ಅವನು ತಲೆ ಎಣಿಸುವುದಿಲ್ಲ, ಜೋಡಿ ಎಣಿಸುತ್ತಾನೆ. ಗಂಡನಿದ್ದಾನೆ ಎಂದರೆ ಹೆಂಡತಿಯೂ ಇದ್ದಾಳೆ ಎಂದು ಲೆಕ್ಕ, ಕೆಲಸ ಬೇಗ ಆಗುತ್ತದಂತೆ. ಹದಿನಾಲ್ಕು ಆಯಿತು, ಹೊರಟ. ಅರವತ್ತು ಮಕ್ಕಳನ್ನು ಬೇಲೂರು ಹಳೇಬೀಡಿಗೆ ಕರೆದುಕೊಂಡು ಹೋಗಿ, ಒಂದೊಂದು ತಲೆಯನ್ನೂ ಮುಟ್ಟಿ ಎಣಿಸಿ, ಅರವತ್ತನ್ನೂ ವಾಪಸು ತಂದ ನನ್ನನ್ನೇ ಬಿಟ್ಟುಹೋದರು ನೋಡಿ!

ಊಟದ ಜಾಗದಲ್ಲಿ ತಿರುಮಲೇಶ ಪುಳಿಯೋಗರೆ ಡಬ್ಬಿ ಹಂಚುವಾಗ ಒಂದು ಡಬ್ಬಿ ಉಳಿಯಿತಂತೆ. ಆಗ ಗೊತ್ತಾಗಿದೆ. ಶ್ರೀಕರ್ ನನಗೆ ಫೋನ್ ಮಾಡಿದ್ದಾನೆ, ನನಗೆ ಕೇಳಿಸಿಲ್ಲ. ಗಾಬರಿಯಾಗಿ, ಫಾರಂನಲ್ಲಿ ತುರ್ತಿಗೆಂದು ನಾನು ಬರೆದಿದ್ದ ನಿಮ್ಮ ನಂಬರಿಗೆ ಮಾಡಿದ್ದಾನೆ. ಮುಂದಿನದು ನನಗಿಂತ ನಿಮಗೇ ಚೆನ್ನಾಗಿ ಗೊತ್ತು. ಆದರೂ ಅವನು ನನಗೆ ಹೇಳಿದ್ದನ್ನು ಇಲ್ಲಿ ಬರೆಯಬೇಕು ಅನಿಸುತ್ತಿದೆ.

“ಸಾರ್ ಸಖತ್ ಕೂಲ್ ಮೇಡಂ,” ಅಂದ. “ಅವ್ಳು ಟೀಚರು ಕಣಪ್ಪಾ, ತಪ್ಪಿಸ್ಕೊಂಡ್ರೆ ಇದ್ದಲ್ಲೇ ಇರಿ, ನಾವ್ ಹುಡುಕ್ಕೊಂಡ್ ಬರ್ತೀವಿ ಅಂತ ಮಕ್ಕಳಿಗೆ ಹೇಳಿ ಹೇಳಿ ಅಭ್ಯಾಸ, ಒಂದ್ ಹೆಜ್ಜೆನೂ ಕದಲಿರಲ್ಲ, ಕೊನೇ ಸಲ ಎಲ್ಲಿ ನೋಡಿದ್ರೋ ಅಲ್ಲೇ ಹೋಗಿ ನೋಡು ಅಂದ್ರು. ನೀವು ಅಲ್ಲೇ ಇದ್ರಿ!” ಆಮೇಲೆ ಇನ್ನೊಂದು ಮಾತು. “ಹಂಗೇ ಮಂಡಿ ಹೇಗಿದೆ ಸಾರ್ ಅಂತಾನೂ ಕೇಳ್ದೆ. ಒಂದ್ ನಿಮಿಷ ಸುಮ್ನಿದ್ರು. ಆಮೇಲೆ, ಪರ್ವಾಗಿಲ್ಲ, ಈಗ ಕೋಲಿಲ್ದೆ ನಡೀತೀನಿ ಅಂದ್ರು.”

ಆ ಒಂದು ನಿಮಿಷ ನೀವು ಏನು ಯೋಚಿಸಿದಿರಿ ರೀ? ಯಾವ ಮಂಡಿ, ಯಾರ ಮಂಡಿ ಎಂದು ಕೇಳಬಹುದಿತ್ತು. ಕೇಳಿದ್ದರೆ ಇಪ್ಪತ್ತೆಂಟು ಜನರ ಮುಂದೆ ನನ್ನ ಮಾನ ಹೋಗುತ್ತಿತ್ತು. ನೀವು ನನ್ನ ಸುಳ್ಳನ್ನು ಕಾಪಾಡಿದಿರಿ. ಇಲ್ಲದ ಮಂಡಿನೋವನ್ನು ವಾಸಿ ಕೂಡ ಮಾಡಿಕೊಂಡಿರಿ. ಹೋಟೆಲಿಗೆ ಬಂದು ನೋಡಿದರೆ ನಿಮ್ಮಿಂದ ಏಳು ಮಿಸ್ಡ್ ಕಾಲ್. ‘ಸಿಕ್ಕಿದ್ದೇನೆ’ ಎಂದು ಮೆಸೇಜ್ ಹಾಕಿದೆ. ನೀವು ಒಂದು ಹೆಬ್ಬೆರಳು ಕಳಿಸಿದಿರಿ. ಅಷ್ಟಕ್ಕೆ ನಮ್ಮ ಮಾತುಕತೆ ಮುಗಿಯಿತು.

ಮಾಡಿದ್ದುಣ್ಣೋ ಮಹರಾಯ ಅನ್ನುವ ಹಾಗೆ ಈಗ ಸುಧಾಮಣಿ, ಚಿದಾನಂದ್ ಮತ್ತು ಇನ್ನೂ ಮೂರು ಜೋಡಿ ಭಾನುವಾರ ನಾಲ್ಕಕ್ಕೆ ನಿಮ್ಮನ್ನು ನೋಡಲು ಬರುತ್ತಿದ್ದಾರೆ. ಆಪರೇಷನ್ ಆದವರನ್ನು ನೋಡಿ ಬರದೆ ಇರುವುದುಂಟೇ? ಮೂಸಂಬಿ ತರುತ್ತಾರೆ, ಜೊತೆಗೆ ಯಾವುದೋ ತೈಲವನ್ನೂ. ನೀವು ಇನ್ನೂ ಕತ್ರಿಗುಪ್ಪೆಯಲ್ಲೇ ಇದ್ದೀರಿ ಎಂದೆ. ಹಾಗಾದರೆ ಅಲ್ಲಿಗೇ ಹೋಗುತ್ತೇವೆ, ಅಡ್ರೆಸ್ ಕೊಡಿ ಅಂದರು. ಮನೆಗೆ ಕರೆದುಕೊಂಡು ಬರುತ್ತಿದ್ದೇನೆ ಎಂದು ಹೇಳಿಬಿಟ್ಟೆ. ನಿಮ್ಮನ್ನು ಕೇಳದೆ ಹೇಳಿದ್ದು ತಪ್ಪು.

ನಿಮ್ಮಣ್ಣನವರಿಗೆ ಲಕ್ವ ಹೊಡೆದಾಗ, ಒಂದು ತಿಂಗಳು ಇದ್ದು ಬರುತ್ತೇನೆ ಎಂದು ಹೊರಟಿರಿ. ಅವರಿಗೆ ಮಗ ಸೊಸೆ ಇಲ್ಲವೇ ಎಂದು ನಾನು ಬಾಗಿಲಲ್ಲಿ ನಿಂತು ಕೇಳಿದೆ. ಚಪ್ಪಲಿ ಹಾಕಿಕೊಳ್ಳುತ್ತಾ ನೀವು, “ನಿಂಗೇನು ಬಿಡು, ನಿಂಗೆ ಯಾರೂ ಬೇಡ” ಅಂದಿರಿ. ಎಂಟು ತಿಂಗಳಿಗೆ ಅವರು ಹೋದರು. ವೈಕುಂಠ ಸಮಾರಾಧನೆಯ ಊಟ ಮುಗಿಸಿ ನಾನು ಆಟೋ ಹತ್ತಿದೆ, ನೀವು ಗೇಟಿನವರೆಗೆ ಬಂದು ಹುಷಾರು ಎಂದಿರಿ. ಬರುತ್ತೇನೆ ಎಂದು ನೀವು ಅನ್ನಲಿಲ್ಲ, ಬನ್ನಿ ಎಂದು ನಾನೂ ಅನ್ನಲಿಲ್ಲ. ಅದಕ್ಕೆ ಈಗ ಎರಡು ವರ್ಷ ನಾಲ್ಕು ತಿಂಗಳು. ನನಗೆ ಯಾರೂ ಬೇಡ ಎಂದು ಸಾಧಿಸಿ ತೋರಿಸಲೆಂದೇ ಒಬ್ಬಳೇ ಯೂರೋಪಿಗೆ ಹೋದೆ. ಅಲ್ಲಿ ಮಾಡಿದ್ದೇನು ಎಂದರೆ ಹದಿನೈದು ದಿನವೂ ಸಿಕ್ಕಸಿಕ್ಕವರ ಹತ್ತಿರ ನಿಮ್ಮ ಮಾತು.

ಬರಲಾಗದಿದ್ದರೆ ತೊಂದರೆಯಿಲ್ಲ. ಎಲ್ಲರಿಗೂ ಕಾಫಿ ಕೊಟ್ಟು ನಿಜ ಹೇಳುತ್ತೇನೆ. ಸುಧಾಮಣಿ ಬೈಯುತ್ತಾರೆ, ಆಮೇಲೆ ಸುಮ್ಮನಾಗುತ್ತಾರೆ. ಬಂದರೆ ನೀವು ಏನೂ ಮಾತಾಡಬೇಕಾಗಿಲ್ಲ, ಕೇಳಿದ್ದಕ್ಕೆಲ್ಲ ಹೂಂ ಅಂದರೆ ಸಾಕು. ಆರಕ್ಕೆ ಅವರು ಹೊರಡುತ್ತಾರೆ. ನೀವು ಹೊರಡಲೇಬೇಕೆಂದು ಏನೂ ಇಲ್ಲ. ಇಷ್ಟು ಬರೆಯಲು ಮೂರು ಕಾಗದ ಹರಿದಿದ್ದೇನೆ.

ಇತಿ ನಿಮ್ಮ,
ವಾರಿಜಾ

ತಾ.ಕ.: ಇದನ್ನು ಬರೆಯಬಾರದು ಎಂದುಕೊಂಡಿದ್ದೆ. ಅವತ್ತು ನಾನು ತಪ್ಪಿಸಿಕೊಂಡಿರಲಿಲ್ಲ. ಶ್ರೀಕರ್ ಹತ್ತು ಮಾರು ದೂರದಲ್ಲಿ ನಿಂತು ಜೋಡಿ ಎಣಿಸಿದ್ದನ್ನು ಕಣ್ಣಾರೆ ನೋಡಿದೆ, ಕೈ ಎತ್ತಲಿಲ್ಲ. ಒಬ್ಬರಾದರೂ ಹಿಂತಿರುಗಿ ನೋಡುತ್ತಾರೋ ಎಂದು ಕೂತೆ. ಅವನ ಫೋನೂ ಕೇಳಿಸಿತು. ಅದಾದ ಮೇಲೆ ನಿಮ್ಮ ಹೆಸರು ಬಂತು, ಒಂದಾದ ಮೇಲೆ ಒಂದು, ಏಳು ಸಲ. ಫೋನನ್ನು ಕೈಯಲ್ಲೇ ಹಿಡಿದುಕೊಂಡಿದ್ದೆ. ತೆಗೆದರೆ ನೀವು ಕರೆಯುವುದು ನಿಂತುಹೋಗುತ್ತದಲ್ಲ ಎಂದು ತೆಗೆಯಲಿಲ್ಲ.